ಮದ್ದೂರಮ್ಮ ಎಂಬ ಹೆಸರು

ಕಳೆದ ಮಾಘಮಾಸದ ಒಂದು ಬೆಳಗ್ಗೆ, ನ್ಯೂಜಿಲೆಂಡಿನ ಆಕ್ಲೆಂಡ್ ಪಟ್ಟಣದಲ್ಲಿರುವ ನನ್ನ ಮಗಳು ದೂರವಾಣಿಯಲ್ಲಿ ಮಾತನಾಡುತ್ತ, ನೆರೆಮನೆಯ ಮಾವೊರಿ ದಂಪತಿಗಳಿಗೆ ಹೆಣ್ಣುಮಗುವಾಯಿತೆಂದೂ ಅದಕ್ಕೆ ‘ಮರಮ’ ಎಂದು ಹೆಸರಿಟ್ಟರೆಂದೂ ತಿಳಿಸಿದಳು. ನಮ್ಮ ಮನೆಯಾಕೆಯ ತವರು ಮಳವಳ್ಳಿ. ಆ ಊರಿನಲ್ಲಿ ದಂಡಿನ ಮಾರಮ್ಮನ ಹೆಸರು ಕೇಳಿ ಕೈಮುಗಿಯದವರು ವಿರಳ. ಆಕೆಯ ಕಿವಿಗೆ ಮರಮ ಎಂಬುದು ಮಾರಮ್ಮ ಎಂದೇ ಬಿದ್ದಿತು. “ನೋಡಿದಿರಾ? ನಮ್ಮ ತಾಯಿ ಏಳು ಸಮುದ್ರ ದಾಟಿ ಅಲ್ಲಿಯೂ ನೆಲೆಗೊಂಡಿದ್ದಾಳೆ!” ಎಂದು ದೇವರ ಗೂಡಿನ ಕಡೆಗೆ ತಿರುಗಿ ನಮಸ್ಕಾರ ಮಾಡಿದಳು.

ಅದು ಹಾಗಲ್ಲವೆಂದು ತಿಳಿಯಹೇಳುವುದು ನನ್ನ ಪಾಲಿಗೆ ಬಂದಿತು. ಜೀವಮಾನವೆಲ್ಲ ಮಕ್ಕಳಿಗೆ ಪಾಠ ಹೇಳಿದವನಿಗೆ ಇಂತಹ ಸಂದರ್ಭ ದೊರೆತರೆ ಸುಮ್ಮನಿರಲಾಗುವುದಿಲ್ಲ. ಶಾಂತಸಾಗರದಲ್ಲಿ ಉತ್ತರಕ್ಕೆ ಹವಾಯಿ, ನೈಋತ್ಯಕ್ಕೆ ನ್ಯೂಜಿಲೆಂಡ್, ಪೂರ್ವಕ್ಕೆ ಈಸ್ಟರ್ ದ್ವೀಪ, ಇವು ಮೂರರ ನಡುವೆ ಚೆಲ್ಲಿರುವ ನಡುಗಡ್ಡೆಗಳಿಗೆ ಪಾಲಿನೇಶ್ಯವೆಂದು ಹೆಸರು. ಗ್ರೀಕು ಭಾಷೆಯಲ್ಲಿ ‘ಬಹುದ್ವೀಪ’ವೆಂದು ಇದರ ಅರ್ಥ. ಅಲ್ಲಿಯ ಭಾಷೆಗಳೆಲ್ಲ ಒಂದೇ ಮನೆತನದವು. ಮಾವೊರಿ ಭಾಷೆಯಲ್ಲಿ ಮರಮವೆಂದರೆ ಚಂದ್ರ. ಮಾಸವೆಂಬ ಅರ್ಥವೂ ಉಂಟು. ನಮ್ಮ ‘ತಿಂಗಳು’ ಎಂಬ ಮಾತಿಗೂ ಇವೆರಡೇ ಅರ್ಥಗಳಲ್ಲವೆ? ಬೆಳುದಿಂಗಳೆಂದಾಗ ಚಂದ್ರನನ್ನೂ, ತಿಂಗಳ ಸಂಬಳವೆಂದಾಗ ಮಾಸವನ್ನೂ ನಾವು ಅದೇ ಮಾತಿನಿಂದ ಹೇಳುತ್ತೇವೆ. ಹವಾಯಿಯ ಭಾಷೆಯಲ್ಲಿ ರಕಾರವಿಲ್ಲದ ಕಾರಣ ಅಲ್ಲಿ ಅದೇ ಶಬ್ದವು ‘ಮಲಮ’ ಎಂದಾಗುವುದು. ರಕಾರ ಲಕಾರಗಳಿಗೆ ಭೇದವಿಲ್ಲವೆಂದು ನಮ್ಮ ಪಂಡಿತರು ಹೇಳುವ ಮಾತು ಅಷ್ಟು ದೂರದಲ್ಲಿಯೂ ಸಲ್ಲುವುದನ್ನು ಕಂಡು ಸಂತೋಷವಾಗುತ್ತದೆ. ಹ್ರಸ್ವ ದೀರ್ಘಗಳ ವಿಚಾರದಲ್ಲಿಯೂ ಅವರು ನಮ್ಮಂತೆಯೇ ಎಚ್ಚರವುಳ್ಳವರು. ಮೊದಲಕ್ಷರವನ್ನು ಎಳೆದು ‘ಮಾರಮ’ ಎಂದರೆ ಬೆಳಕಾದುದು, ಸ್ಪಷ್ಟವಾದುದು ಎಂದು ಅರ್ಥವಾಗುವುದೇ ಹೊರತು ಚಂದ್ರನೆಂದಾಗುವುದಿಲ್ಲ. ನಮ್ಮ ಮಾರಮ್ಮನಿಗಾದರೋ ಈ ಎರಡು ಮಾತುಗಳೊಡನೆಯೂ ನಂಟಿಲ್ಲ. ಕಿವಿಗೆ ಒಂದಾಗಿ ಕೇಳಿದುದೆಲ್ಲ ಮೂಲದಲ್ಲಿ ಒಂದಾಗಿರಬೇಕೆಂಬ ನಿಯಮವಿಲ್ಲ.

ಇಷ್ಟನ್ನು ಹೇಳಿ ನಾನು ಗೆದ್ದವನಂತೆ ಕುಳಿತಿದ್ದೆನು. ಆಗ ಮಗಳು ಇನ್ನೊಂದು ಮಾತು ಹೇಳಿದಳು. ಆ ಕೂಸಿನ ಮುತ್ತಜ್ಜಿಯ ಹೆಸರೂ ಮರಮವೆಂದೇ ಇದ್ದಿತಂತೆ. ಆದರೆ ಆಕೆ ಶಾಲೆಗೆ ಸೇರಿದ ದಿನ ಅಲ್ಲಿಯ ಉಪಾಧ್ಯಾಯರು ಅದನ್ನು ಒಪ್ಪದೆ ಒಂದು ಇಂಗ್ಲಿಷ್ ಹೆಸರನ್ನು ಬರೆದುಕೊಂಡರಂತೆ; ಸಾಯುವವರೆಗೂ ಕಾಗದಪತ್ರಗಳಲ್ಲಿ ಅದೇ ನಿಂತಿತಂತೆ. ಆ ನಾಡಿನಲ್ಲಿ ಇಂತಹವು ಬಹಳ ನಡೆದಿವೆ. 1867ರ ಶಾಸನದ ಪ್ರಕಾರ ಮಾವೊರಿ ಮಕ್ಕಳ ಶಾಲೆಗಳಲ್ಲಿ ಇಂಗ್ಲಿಷೇ ಬೋಧನಭಾಷೆಯಾಯಿತು. ಮನೆಮಾತನ್ನಾಡಿದ ಮಕ್ಕಳು ಏಟು ತಿಂದುದೂ ಉಂಟು. ಮಾವೊರಿಗೆ ರಾಜ್ಯಭಾಷೆಯ ಪದವಿ ದೊರೆತದ್ದು 1987ರಲ್ಲಿ. ಈಗ ಅವರು ಅಜ್ಜಿಯರ ಹೆಸರುಗಳನ್ನು ಮೊಮ್ಮಕ್ಕಳಿಗೆ ಹುಡುಕಿ ಹುಡುಕಿ ಇಡುತ್ತಿರುವರು.

“ಒಂದು ಮಗುವಿನ ಹೆಸರನ್ನು ಬದಲಾಯಿಸಲು ಆ ಮೇಷ್ಟರಿಗೆ ಮನಸ್ಸಾದರೂ ಹೇಗೆ ಬಂದಿತಪ್ಪ?” ಎಂದು ಮಗಳು ಕೇಳಿದಳು. ನಾನು ಉತ್ತರ ಕೊಡಲಿಲ್ಲ. ಉತ್ತರವು ನನ್ನ ಮೇಜಿನ ಮೇಲೆ ಒಂದು ವಾರದಿಂದ ಕಾಗದದ ರೂಪದಲ್ಲಿ ಬಿದ್ದಿದ್ದಿತು.

ಮೂವತ್ತೈದು ವರ್ಷಗಳ ಹಿಂದಿನ ಮಾತು. ಮದ್ದೂರು ತಾಲ್ಲೂಕಿನ ಒಂದು ಹಳ್ಳಿಯ ಪ್ರಾಥಮಿಕ ಶಾಲೆಯಲ್ಲಿ ನಾನು ಹೊಸದಾಗಿ ಉಪಾಧ್ಯಾಯನಾಗಿದ್ದೆನು. ಸಂಸ್ಕೃತವನ್ನು ಓದಿ ಬಂದ ಬಿಸಿ ಇನ್ನೂ ಆರಿರಲಿಲ್ಲ. ಜೂನ್ ತಿಂಗಳಲ್ಲಿ ಒಬ್ಬ ರೈತನು ಆರು ವರ್ಷದ ಮಗಳನ್ನು ಕೈಹಿಡಿದು ಕರೆತಂದನು. ಹೆಸರೇನೆಂದು ಕೇಳಿದೆನು. “ಮದ್ದೂರಮ್ಮ” ಎಂದನು. ಹಿಂದಿನ ಸಾಲಿನ ಹುಡುಗರು ಕಿಸಕ್ಕನೆ ನಕ್ಕು “ಮದ್ದು! ಮದ್ದು! ಢಂ!” ಎಂದರು. ಹುಡುಗಿ ತಂದೆಯ ಪಂಚೆಯ ಮರೆಗೆ ಸರಿದಳು. ನನಗೆ ಕನಿಕರವಾಯಿತು, ಕನಿಕರದ ಜೊತೆಗೆ ಪಾಂಡಿತ್ಯವೂ ತಲೆಯೆತ್ತಿತು. “ಇದು ಮಧುರಾ ಎಂಬುದು ಹಳ್ಳಿಯವರ ಬಾಯಲ್ಲಿ ಕೆಟ್ಟು ಆದ ರೂಪವಯ್ಯ, ಮಧುರವೆಂದರೆ ಸಿಹಿ” ಎಂದು ಹೇಳಿ, ದಾಖಲೆಪುಸ್ತಕದಲ್ಲಿ ‘ಮಧುರ’ ಎಂದು ದುಂಡಾದ ಅಕ್ಷರದಲ್ಲಿ ಬರೆದೆನು. ಆ ರೈತನು “ತಾವು ಬಲ್ಲೋರು ಬುದ್ಧಿ” ಎಂದು ಹೆಬ್ಬೆಟ್ಟನ್ನೊತ್ತಿ ಹೊರಟುಹೋದನು. ಒಂದು ಒಳ್ಳೆಯ ಕೆಲಸ ಮಾಡಿದೆನೆಂದು ಆ ರಾತ್ರಿ ನೆಮ್ಮದಿಯಾಗಿ ನಿದ್ರೆ ಮಾಡಿದೆನು.

ಕಾಗದವು ಆಕೆಯದು. ಈಗ ಮಳವಳ್ಳಿಯ ಬಳಿಯ ಒಂದು ಹಳ್ಳಿಯಲ್ಲಿ ಗೃಹಿಣಿ, ಇಬ್ಬರು ಮಕ್ಕಳ ತಾಯಿ. ತಂದೆ ತೀರಿಕೊಂಡಮೇಲೆ ಜಮೀನಿನ ಭಾಗದ ಪ್ರಶ್ನೆ ಬಂದಿತು. 2005ರಲ್ಲಿ ತಿದ್ದುಪಡಿಯಾದ ಹಿಂದೂ ಉತ್ತರಾಧಿಕಾರ ಶಾಸನದಂತೆ ಮಗಳಿಗೂ ಮಗನಷ್ಟೇ ಹಕ್ಕು. ಆದರೆ ಊರಿನವರ ಮಾತು ಕೇಳಿ ಬರೆದ ವಂಶವೃಕ್ಷದಲ್ಲಿರುವುದು ‘ಮದ್ದೂರಮ್ಮ’. ಶಾಲೆಯ ಪತ್ರವನ್ನನುಸರಿಸಿ ಮುಂದೆ ಹುಟ್ಟಿದ ಆಧಾರ್ ಮೊದಲಾದ ಕಾಗದಗಳಲ್ಲೆಲ್ಲ ಇರುವುದು ‘ಮಧುರ’. “ಮಧುರ ಎಂಬವಳು ನಮ್ಮ ಮನೆಯಲ್ಲಿ ಹುಟ್ಟಿಯೇ ಇಲ್ಲ” ಎಂದು ಎದುರು ಪಕ್ಷದವರು ವಾದಿಸಿದರಂತೆ. ಶಾಲೆಯ ಪುಸ್ತಕದಲ್ಲಿ ತಂದೆಯ ಹೆಸರಿದೆಯಾದರೂ ಆ ಹೆಸರಿನವರು ಅದೇ ಊರಿನಲ್ಲಿ ಮೂವರಿದ್ದರು. ಹೆಸರನ್ನು ಬರೆದ ಮೇಷ್ಟರೇ ಬಂದು ಪ್ರಮಾಣ ಮಾಡಿ ಹೇಳಿದರೆ ಅನುಕೂಲವಾಗುವುದೆಂದು ವಕೀಲರು ಸೂಚಿಸಿದ್ದರು. ನಾನು ಬರೆದ ಮೂರಕ್ಷರವು ಒಬ್ಬ ಹೆಣ್ಣುಮಗಳ ಅನ್ನಕ್ಕೆ ಅಡ್ಡವಾಗಿ ನಿಂತಿದ್ದಿತು.

ಮಾರನೆಯ ದಿನವೇ ಹೊರಟೆನು. ನಾನಿರುವುದು ಮಂಡ್ಯದಲ್ಲಿ. ಕನ್ನಂಬಾಡಿಯ ನೀರು ನಾಲೆಗಳಲ್ಲಿ ಹರಿದು, 1933ರಲ್ಲಿ ಸಕ್ಕರೆ ಕಾರ್ಖಾನೆ ನಿಂತು, 1939ರಲ್ಲಿ ಜಿಲ್ಲೆಯ ಮುಖ್ಯಸ್ಥಾನವಾದ ಊರು ಇದು. ಇದರ ಹೆಸರಿನ ವಿಚಾರ ಕೇಳಿದರೆ ಹಿರಿಯರು, ಮಾಂಡವ್ಯ ಋಷಿಗಳು ಇಲ್ಲಿ ತಪಸ್ಸು ಮಾಡಿದುದರಿಂದ ಮಂಡ್ಯವಾಯಿತೆನ್ನುವರು. ನಮ್ಮ ಸೀಮೆಯಲ್ಲಿ ಒಂದು ಊರಿಗೆ ಗೌರವ ಬರಬೇಕಾದರೆ ಒಬ್ಬ ಋಷಿಯನ್ನೋ ಒಬ್ಬ ಪಾಂಡವನನ್ನೋ ಕರೆತರುವುದು ವಾಡಿಕೆ. ನಾನು ಆ ಹುಡುಗಿಗೆ ಮಾಡಿದುದೂ ಪ್ರಾಯಶಃ ಇದೇ ಬಗೆಯ ಉಪಕಾರ ಎಂದು ರೈಲಿನಲ್ಲಿ ಕುಳಿತು ಯೋಚಿಸುತ್ತ ಹೋದೆನು. ಎರಡು ಕಡೆಯೂ ಕಬ್ಬು, ನಡುನಡುವೆ ಬತ್ತದ ಗದ್ದೆ, ತೆಂಗಿನ ಸಾಲು. ಹನಕೆರೆ ಕಳೆದ ಸ್ವಲ್ಪ ಹೊತ್ತಿಗೆಲ್ಲ ಮದ್ದೂರು ಬಂದಿತು. ಒಟ್ಟು ಸುಮಾರು 20 ಕಿಲೋಮೀಟರಿನ ದಾರಿ.

ಮದ್ದೂರೆಂದರೆ ಪ್ರಯಾಣಿಕರಿಗೆ ಮೊದಲು ನೆನಪಾಗುವುದು ಇಲ್ಲಿಯ ವಡೆ. ಈರುಳ್ಳಿಯ ಸೊಗಡಿನ, ಅಂಗೈಯಗಲದ ಆ ವಡೆ ರೈಲುನಿಲ್ದಾಣದಿಂದಲೇ ನಾಡಿಗೆಲ್ಲ ಪ್ರಸಿದ್ಧವಾಯಿತು. ಅದನ್ನು ಕಟ್ಟಿಸಿಕೊಂಡು, ಮಳವಳ್ಳಿಯ ಬಸ್ಸಿಗೆ ಇನ್ನೂ ಹೊತ್ತಿದ್ದುದರಿಂದ ಶಿಂಷೆಯ ದಡಕ್ಕೆ ನಡೆದೆನು. ತುಮಕೂರಿನ ಕಡೆಯ ಬೆಟ್ಟಗಳಲ್ಲಿ ಹುಟ್ಟಿದ ಈ ಹೊಳೆ ಮದ್ದೂರನ್ನು ಹಾದು ಮಳವಳ್ಳಿ ತಾಲ್ಲೂಕಿನಲ್ಲಿ ಕಾವೇರಿಯನ್ನು ಸೇರುವುದು. ದಡದಲ್ಲಿ ಬಿಳಿಯ ನುಣುಪು ತೊಗಟೆಯ ದೊಡ್ಡ ಮರವೊಂದಿದ್ದಿತು. ಅದರ ಬೇರಿನ ಮೇಲೆ ಕುಳಿತು ವಡೆಯನ್ನು ತಿನ್ನುತ್ತ, ಮದ್ದೂರೆಂಬ ಹೆಸರನ್ನು ಮೊದಲ ಬಾರಿಗೆ ಶ್ರದ್ಧೆಯಿಂದ ವಿಚಾರಿಸಿದೆನು. ಮೂವತ್ತೈದು ವರ್ಷಗಳ ಹಿಂದೆಯೇ ಮಾಡಬೇಕಾಗಿದ್ದ ಕೆಲಸ!

ಟಿಪ್ಪುಸುಲ್ತಾನನ ಕಾಲದಲ್ಲಿ ಇಲ್ಲಿ ಮದ್ದುಗುಂಡು ತಯಾರಾಗುತ್ತಿದ್ದುದರಿಂದ ಮದ್ದೂರಾಯಿತೆಂದು ಊರಿನವರು ಹೇಳುವರು. ನನ್ನ ತರಗತಿಯ ಹುಡುಗರು ‘ಢಂ’ ಎಂದುದಕ್ಕೆ ಇದೇ ಮೂಲ. ಹತ್ತಿರದ ವೈದ್ಯನಾಥಪುರದಲ್ಲಿ ಹೊಳೆಯ ದಡದ ಮೇಲೆ ವೈದ್ಯನಾಥೇಶ್ವರನಿರುವನಷ್ಟೆ. ಆದುದರಿಂದ ಮದ್ದೆಂದರೆ ಔಷಧವೆಂದು ಸಾಧಿಸಬಯಸುವವರಿಗೂ ಅವಕಾಶವುಂಟು. ಸ್ಥಳಪುರಾಣವಾದರೋ ಇದನ್ನು ಅರ್ಜುನಪುರಿ ಎನ್ನುತ್ತದೆ. ಪಾಂಡವರಲ್ಲಿ ಮೂರನೆಯವನು ಇಲ್ಲಿಗೆ ಬಂದಿದ್ದನೆಂದು ಕಥೆ. ಆದರೆ ಊರಿನ ಹಳೆಯ ಹೆಸರು ‘ಮರುದೂರು’ ಎಂದು. ಇದೇ ಬೀಗದ ಕೈ.

ಮರುದು ಎಂಬುದು ಒಂದು ಮರದ ಹೆಸರು. ತಮಿಳರು ಇಂದಿಗೂ ಮರುದಮರವೆನ್ನುವರು. ಅವರ ಪ್ರಾಚೀನ ಕಾವ್ಯಮೀಮಾಂಸೆಯಲ್ಲಿ ಹೊಳೆಬಯಲಿನ ಗದ್ದೆಯ ನಾಡಿಗೆಲ್ಲ ‘ಮರುದಂ’ ಎಂದೇ ಸಂಜ್ಞೆ. ನಾವು ಅದೇ ಮರವನ್ನು ಹೊಳೆಮತ್ತಿ, ಬಿಳಿಮತ್ತಿ ಎನ್ನುತ್ತೇವೆ. ಸಂಸ್ಕೃತದಲ್ಲಿ ಅದರ ಹೆಸರು ಅರ್ಜುನ! ಅರ್ಜುನವೆಂದರೆ ಬೆಳ್ಳಗಿರುವುದು, ತೊಗಟೆಯ ಬಣ್ಣದಿಂದ ಬಂದ ಹೆಸರು. ಅಮರಕೋಶವು ಅದಕ್ಕೆ ನದೀಸರ್ಜವೆಂಬ ಪರ್ಯಾಯವನ್ನೂ ಕೊಟ್ಟಿದೆ. ನದಿಯ ದಡದಲ್ಲಿ ಬೆಳೆಯುವುದರಿಂದ. ಹಾಗಾದರೆ ಅರ್ಜುನಪುರಿ ಎಂಬುದು ಮರುದೂರೆಂಬ ಮಾತಿನ ಸಂಸ್ಕೃತಾನುವಾದ ಮಾತ್ರ. ಇದು ನನ್ನ ಊಹೆಯಾದರೂ ಬರಿಯ ಊಹೆಯಲ್ಲ. ತಂಜಾವೂರು ಸೀಮೆಯ ತಿರುವಿಡೈಮರುದೂರು ಎಂಬ ಪ್ರಸಿದ್ಧ ಶಿವಕ್ಷೇತ್ರಕ್ಕೆ ಸಂಸ್ಕೃತದ ಹೆಸರು ಮಧ್ಯಾರ್ಜುನ. ‘ಇಡೈ’ ಎಂದರೆ ನಡು. ಮರುದು ಎಂದರೆ ಅರ್ಜುನ. ಅಲ್ಲಿ ನಡೆದುದು ಇಲ್ಲಿಯೂ ನಡೆದಿದೆ. ಅನುವಾದ ಮಾಡಿದವರ ತರುವಾಯ ಬಂದವರು ಮರವನ್ನು ಮರೆತು ಪಾಂಡವನನ್ನು ನೆನೆದರು, ಅಷ್ಟೆ.

ಇನ್ನು ಮರುದೂರು ಮದ್ದೂರಾದುದಕ್ಕೆ ವ್ಯಾಕರಣದ ಆಧಾರ ಬೇಕೆ? ಹಳಗನ್ನಡದ ರಕಾರದ ಒತ್ತು ಹೊಸಗನ್ನಡದಲ್ಲಿ ಮುಂದಿನ ಅಕ್ಷರದೊಡನೆ ಬೆರೆತು ದ್ವಿತ್ವವಾಗುವುದು ಎಲ್ಲರೂ ಬಲ್ಲ ಸಂಗತಿ. ಔಷಧವೆಂಬರ್ಥದ ‘ಮರ್ದು’ ಮದ್ದಾಯಿತು. ‘ತಿರ್ದು’ ಎಂಬುದು ತಿದ್ದಾಯಿತು. ಹಾಗೆಯೇ ಮರುದೂರು, ಮರ್ದೂರು, ಮದ್ದೂರು. ಈ ಉದಾಹರಣೆಯನ್ನು ಮನಸ್ಸಿನಲ್ಲಿ ಹೇಳಿಕೊಳ್ಳುತ್ತಿದ್ದಂತೆ ನನಗೆ ನಾಚಿಕೆಯಾಯಿತು. ತಿದ್ದುವುದೇ ನನ್ನ ವೃತ್ತಿಯಾಗಿದ್ದಿತು, ತಿದ್ದಬಾರದುದನ್ನೂ ತಿದ್ದಿದ್ದೆನು. ಮದ್ದೂರಮ್ಮ ಎಂಬುದರಲ್ಲಿ ಕೆಟ್ಟ ರೂಪವೇನೂ ಇರಲಿಲ್ಲ. ಹೊಳೆ, ಹೊಳೆಯ ದಡದ ಬಿಳಿಯ ಮರ, ಮರದ ಊರು, ಊರಿನ ತಾಯಿ, ಇಷ್ಟೂ ಅದರಲ್ಲಿ ಅಡಗಿದ್ದಿತು. ಆ ತಾಯಿಯ ಹೆಸರು ಊರಿನ ಗಡಿಯನ್ನೂ ದಾಟಿದೆ. ಆನೇಕಲ್ಲು ತಾಲ್ಲೂಕಿನ ಹುಸ್ಕೂರಿನಲ್ಲಿಯೂ ಮದ್ದೂರಮ್ಮನ ಗುಡಿಯಿದ್ದು, ಜಾತ್ರೆಗೆ ಸುತ್ತಲ ಹಳ್ಳಿಯವರು ಗೋಪುರದಷ್ಟು ಎತ್ತರದ ತೇರುಗಳನ್ನು ಎಳೆದುತರುವರು. ‘ಮಧುರ’ದ ಧಕಾರವೆಲ್ಲಿ, ‘ಮದ್ದೂರ’ದ ದಕಾರವೆಲ್ಲಿ! ಮರಮ ಮಾರಮ್ಮಗಳನ್ನು ಒಂದು ಮಾಡಿದ ಮನೆಯಾಕೆಯನ್ನು ನೋಡಿ ನಕ್ಕವನು ನಾನು. ಆಕೆ ತಪ್ಪಿದುದು ಕೈಮುಗಿಯುವುದಕ್ಕಾಗಿ. ನಾನು ಅದೇ ತಪ್ಪನ್ನು ಶಾಯಿಯಲ್ಲಿ ಬರೆದು ಮೊಹರು ಹಾಕಿದ್ದೆನು.

ಅಮ್ಮನ ಗುಡಿಗೆ ಬರುವಾಗ ಹೋಗೋಣವೆಂದುಕೊಂಡು ಮಳವಳ್ಳಿಯ ಬಸ್ಸು ಹತ್ತಿದೆನು. ದಾರಿಯಲ್ಲಿ ಕೆ. ಎಂ. ದೊಡ್ಡಿ ಸಿಕ್ಕುವುದು. ಕಾಳಮುದ್ದನದೊಡ್ಡಿ ಎಂಬುದರ ಸಂಕ್ಷೇಪ ಇದು. ದೊಡ್ಡಿಯೆಂದರೆ ದನ ಕೂಡುವ ಸ್ಥಳ. ಈ ಊರಿಗೆ ಭಾರತೀನಗರವೆಂದು ಹೊಸ ಹೆಸರಾಗಿದೆ. ಫಲಕಗಳಲ್ಲಿಯೂ ಹಾಗೆಯೇ ಬರೆದಿರುವರು. ಆದರೆ ಕಂಡಕ್ಟರನು ಕೂಗಿದುದು “ಯಾರ್ರೀ ಕೇಯೆಂದೊಡ್ಡಿ?” ಎಂದೇ. ಇಳಿಯತಕ್ಕವರು ಆ ಹೆಸರಿಗೇ ಎದ್ದರು. ಊರಾದರೆ ಎರಡು ಹೆಸರುಗಳಿಂದಲೂ ಬದುಕಿಕೊಂಡು ಹೋಗಬಲ್ಲದು. ಅದಕ್ಕೆ ಯಾರೂ ವಂಶವೃಕ್ಷವನ್ನು ಕೇಳುವುದಿಲ್ಲ.

ಮಳವಳ್ಳಿಯನ್ನು ಮುಟ್ಟಿದಾಗ ಮಧ್ಯಾಹ್ನವಾಗಿದ್ದಿತು. ಇದು ದಂಡುಗಳನ್ನು ಕಂಡ ಊರು. 1799ರ ಮಾರ್ಚ್ 27ರಂದು, ಶ್ರೀರಂಗಪಟ್ಟಣದ ಮೇಲೆ ಬರುತ್ತಿದ್ದ ಜನರಲ್ ಹ್ಯಾರಿಸನ ಸೈನ್ಯಕ್ಕೂ ಟಿಪ್ಪುವಿನ ಸೈನ್ಯಕ್ಕೂ ಇಲ್ಲಿಯೇ ಕಾಳಗವಾಯಿತು. ದಂಡಿನ ಮಾರಮ್ಮನೆಂಬ ಹೆಸರಿನಲ್ಲಿ ಆ ‘ದಂಡು’ ಇನ್ನೂ ಉಳಿದಿದೆ. ಮಾರಿಯೆಂದರೆ ಹಿಂದೆ ಜನರು ನಡುಗುತ್ತಿದ್ದುದು ಸಿಡುಬಿಗೆ. ಆ ರೋಗವು ಪ್ರಪಂಚದಿಂದಲೇ ಅಳಿಯಿತೆಂದು 1980ರಲ್ಲಿ ಸಾರಿದರು. ಆದರೂ ತಾಯಿಯ ಹಬ್ಬ ನಿಂತಿಲ್ಲ, ಮಕ್ಕಳಿಗೆ ಆಕೆಯ ಹೆಸರಿಡುವುದು ಮಾತ್ರ ವಿರಳವಾಗಿದೆ. ಮದ್ದೂರಮ್ಮ, ಮಾರಮ್ಮ, ಪಟ್ಟಲದಮ್ಮ ಎಂಬ ಹೆಸರುಗಳನ್ನು ಇಂದಿನ ಶಾಲೆಯ ಹಾಜರಿಪುಸ್ತಕದಲ್ಲಿ ಹುಡುಕಿದರೆ ಒಂದು ಸಿಕ್ಕುವುದೂ ಕಷ್ಟ.

ವಕೀಲರ ಕೊಠಡಿಯ ಮುಂದಿನ ಬೆಂಚಿನ ಮೇಲೆ ಆಕೆ ಕುಳಿತಿದ್ದಳು. ನಾನು ಗುರುತಿಸಲಿಲ್ಲ, ಆಕೆ ಗುರುತಿಸಿ ಎದ್ದು ನಿಂತು ಕಾಲಿಗೆ ನಮಸ್ಕರಿಸಿದಳು. ನನ್ನ ಮೈಯೆಲ್ಲ ಕುಗ್ಗಿತು. ಒಳಗೆ ಹೋಗಿ ಪ್ರಮಾಣಪತ್ರಕ್ಕೆ ಸಹಿ ಹಾಕಿದೆನು. ‘ಮಧುರ ಎಂಬಾಕೆಯೂ ಮದ್ದೂರಮ್ಮ ಎಂಬಾಕೆಯೂ ಒಬ್ಬಳೇ ಎಂದು ನಾನು ಬಲ್ಲೆನು; ಹೆಸರನ್ನು ಹಾಗೆ ಬರೆದವನು ನಾನೇ’ ಎಂಬುದು ಅದರ ತಾತ್ಪರ್ಯ. ನೋಟರಿಯವರು ಮೊಹರನ್ನೊತ್ತಿದರು.

ಹೊರಗೆ ಬಂದಮೇಲೆ, “ತಪ್ಪು ನನ್ನದಮ್ಮ. ನಿನ್ನ ಹೆಸರಿಗೆ ಅರ್ಥವಿಲ್ಲವೆಂದುಕೊಂಡೆ, ಇಂದು ಅದರ ಅರ್ಥ ಗೊತ್ತಾಯಿತು” ಎಂದು ಹೇಳಿ, ಮರುದಮರ, ಅರ್ಜುನ, ಮಧ್ಯಾರ್ಜುನ ಎಲ್ಲವನ್ನೂ ವಿವರಿಸಿದೆನು. ಆಕೆ ಹಿಂದೆ ತರಗತಿಯಲ್ಲಿ ಕೇಳುತ್ತಿದ್ದಂತೆಯೇ ವಿನಯದಿಂದ ಕೇಳಿದಳು. ಅನಂತರ ಮೆಲ್ಲಗೆ ಹೇಳಿದಳು: “ಬುಡಿ ಮೇಷ್ಟ್ರೆ. ತಾವು ಬರೆದದ್ಕೆ ಹುಡುಗ್ರು ಆಡ್ಕೊಳೋದು ತಪ್ತು. ಆ ಹೆಸರೂ ಚೆಂದಾಗೇ ಇತ್ತು. ಅವ್ವಂಗೆ ಮಾತ್ರ ಬಾಳ ಬ್ಯಾಸರಾಯ್ತು.”

“ಏಕಮ್ಮ?” ಎಂದೆನು.

“ನನ್ಗಿಂತ ಮುಂಚೆ ಎರಡು ಮಕ್ಳು ಹುಟ್ಟಿ ತೀರ್ಕೊಂಡ್ವಂತೆ. ನಾನು ಹೊಟ್ಟೇಲಿದ್ದಾಗ ಅವ್ವ ಮದ್ದೂರಮ್ಮನ ಗುಡೀಗೋಗಿ, ಈ ಕೂಸು ಉಳುದ್ರೆ ನಿನ್ನ ಹೆಸರೇ ಮಡಗ್ತೀನಿ ಅಂತ ಹರಕೆ ಹೊತ್ಕೊಂಡ್ಳಂತೆ. ಇಸ್ಕೂಲಲ್ಲಿ ಹೆಸರು ಬದ್ಲಾಯ್ತು ಅಂತ ಅಪ್ಪ ಬಂದು ಹೇಳ್ದಾಗ, ಹರಕೆ ತಪ್ಪೋಯ್ತು, ಮಗೀಗೆ ಏನಾದಾತೋ ಅಂತ ಹೆದ್ರುಕೊಂಡು ಅವತ್ತೇ ಮದ್ದೂರಿಗೆ ನಡ್ಕೊಂಡೋಗಿ ತಪ್ಪುಗಾಣಿಕೆ ಹಾಕ್ಬಂದ್ಳು. ಸಾಯೋಗಂಟ ಒಂದಿನಾನೂ ಮಧುರ ಅಂತ ಕರೀಲಿಲ್ಲ.”

ನಾನು ಏನು ಹೇಳಲಿ? ಮರುದು, ಅರ್ಜುನ, ನದೀಸರ್ಜ ಎಂದು ಅಷ್ಟು ಹೊತ್ತು ವಿವರಿಸಿದುದು ಒಂದು ಊರಿನ ಶಬ್ದದ ಮೂಲ. ಆ ಹುಡುಗಿಯ ಹೆಸರಿನ ಮೂಲ ಅದಲ್ಲ; ಎರಡು ಮಕ್ಕಳನ್ನು ಕಳೆದುಕೊಂಡ ಒಬ್ಬ ತಾಯಿಯ ಭಯ ಮತ್ತು ಭಕ್ತಿ ಅದರ ಮೂಲ. ಅದನ್ನು ನಿಘಂಟಿನಲ್ಲಿ ಹುಡುಕಿದರೆ ಸಿಕ್ಕುವುದಿಲ್ಲ. ಕೇಳಿದ್ದರೆ ಅವಳ ತಂದೆ ಒಂದೇ ಮಾತಿನಲ್ಲಿ ಹೇಳುತ್ತಿದ್ದನು; ನಾನು ಕೇಳಲಿಲ್ಲ. ನಾನು ಸುಖವಾಗಿ ನಿದ್ರೆ ಮಾಡಿದ ಆ ರಾತ್ರಿ ಆಕೆಯ ತಾಯಿ, ನಾನು ಮಾಡಿದ ತಪ್ಪಿಗೆ ತಾನು ಕಾಣಿಕೆಯಿತ್ತು, ಕತ್ತಲೆಯಲ್ಲಿ ಮದ್ದೂರಿನಿಂದ ಹಳ್ಳಿಗೆ ಹಿಂದಿರುಗುತ್ತಿದ್ದಿರಬೇಕು.

ಈಗಿನ ತಂದೆತಾಯಿಗಳು ಮಗುವಿಗೆ ಯಾರೂ ಇಡದ ಹೆಸರು ಬೇಕೆಂದು ಎಲ್ಲಿಂದೆಲ್ಲಿಂದಲೋ ಹುಡುಕಿ ತರುವರು. ತರಲಿ, ಚಂದ್ರನನ್ನು ಮರಮ ಎಂದರೂ ಚಂದ್ರನೇ. ಆದರೆ ಮನೆಯಲ್ಲಿಯೇ ಅಜ್ಜಿಯ ಹೆಸರೊಂದು ಇದ್ದರೆ, ಅದು ಒರಟೆಂದು ಬದಿಗಿಡುವ ಮೊದಲು ಅದನ್ನು ಯಾರು ಇಟ್ಟರು, ಏಕೆ ಇಟ್ಟರು ಎಂಬುದನ್ನು ಬಲ್ಲವರಿರುವಾಗಲೇ ಕೇಳಿಕೊಳ್ಳುವುದು ಒಳ್ಳೆಯದು. ನನ್ನಂತೆ ದಾಖಲೆಪುಸ್ತಕವನ್ನು ಕೈಯಲ್ಲಿ ಹಿಡಿದಿರುವವರಿಗಂತೂ ಇದು ಕರ್ತವ್ಯವೇ ಸರಿ. ಆಕೆಯ ಕಾಗದಗಳು ಈಗ ಸಲ್ಲಿಸಬೇಕಾದ ಕಡೆ ಸಲ್ಲಿವೆ. ತೀರ್ಮಾನ ಇನ್ನೂ ಆಗಬೇಕಾಗಿದೆ.

ಹಿಂದಿರುಗುವಾಗ ಮದ್ದೂರಿನಲ್ಲಿ ಇಳಿದು ಅಮ್ಮನ ಗುಡಿಗೆ ಹೋದೆನು. ದೀಪ ಹೊತ್ತಿಸುವ ವೇಳೆ. ಹಣ್ಣುಕಾಯಿ ಕೊಟ್ಟೆನು. ಪೂಜಾರಿಯು “ಯಾರ ಹೆಸರಿಗೆ ಸ್ವಾಮಿ?” ಎಂದು ಕೇಳಿದನು.

“ಮದ್ದೂರಮ್ಮನ ಹೆಸರಿಗೆ” ಎಂದೆನು.

“ಅದು ಅಮ್ಮನ ಹೆಸರಾಯಿತು. ಪೂಜೆ ಮಾಡಿಸುವವರದು?”

“ಅದೇ ಹೆಸರಿನ ಮಗಳೊಬ್ಬಳಿದ್ದಾಳೆ” ಎಂದು ಹೇಳಿ, ತಪ್ಪುಗಾಣಿಕೆಯನ್ನು ಹುಂಡಿಗೆ ಹಾಕಿ ರೈಲಿಗೆ ನಡೆದೆನು.